ಯಾವಾಗ ಬಂದ್ರಿ, ಯಾವಾಗ ಹೊರಡೋದು?

ನಮ್ಮತ್ತೆಯ ಕ್ಯಾಮೆರಾ ಎದುರು ಕೂತವರಲ್ಲಿ ಅರ್ಧ ಜನ ಅತ್ತಿದ್ದಾರೆ, ಇನ್ನರ್ಧ ಜನ ನಿದ್ದೆ ಹೋಗಿದ್ದಾರೆ. ಎರಡನ್ನೂ ಒಂದೇ ಮಧ್ಯಾಹ್ನದಲ್ಲಿ ಮಾಡಿ ಮುಗಿಸಿದ ಕೀರ್ತಿ ನನ್ನದು! ಅದರಲ್ಲಿ ನನ್ನ ತಪ್ಪೇನೂ ಇಲ್ಲ. ಹೊಟ್ಟೆ ತುಂಬ ಊಟ ಹಾಕಿ, ಗೋಡೆಗೆ ಒರಗಿಸಿ ಕೂರಿಸಿ, ಒಂದೂ ಪ್ರಶ್ನೆ ಕೇಳದೆ ಮುಕ್ಕಾಲು ಗಂಟೆ ನಿಮ್ಮ ಮುಖವನ್ನೇ ನೋಡುತ್ತ ಕೂತರೆ ನೀವಾದರೂ ಏನು ಮಾಡುತ್ತೀರಿ? ನಾನು ಗೊರಕೆ ಹೊಡೆದೆನಂತೆ. ಎಚ್ಚರವಾದ ಕೂಡಲೇ ಅತ್ತೆ, "ಗಂಡನ ಮನೇಲಿ ಹೀಗೆ ನಿದ್ದೆ ಬರುತ್ತೇನೇ?" ಎಂದು ಕೇಳಿದರು. ಅಳು ಎಲ್ಲಿಂದ ಬಂತೋ ಗೊತ್ತಿಲ್ಲ.

ಅತ್ತೆ ಎಂದರೆ ಇಲ್ಲಿ ಅಪ್ಪನ ತಂಗಿ. ಗಂಡನ ತಾಯಿಯಲ್ಲ, ಅವರ ಬಗ್ಗೆ ಪ್ರಬಂಧ ಬರೆಯುವಷ್ಟು ಧೈರ್ಯ ನನಗಿನ್ನೂ ಬಂದಿಲ್ಲ. ಈ ಅತ್ತೆ ಮದುವೆಯಾಗಿ ಪುಣೆಗೆ ಹೋದವರು, ಅಲ್ಲಿ ಸಾಕ್ಷ್ಯಚಿತ್ರ ತೆಗೆಯುವ ಗುಂಪೊಂದರ ಜೊತೆ ಸೇರಿ ಕೆಲಸ ಕಲಿತು, ತೊಂಬತ್ತರ ದಶಕದ ನಡುವೆ ಒಂದು ಟ್ರಂಕು ಮತ್ತು ಒಂದು ವಿಡಿಯೋ ಕ್ಯಾಮೆರಾ ಹಿಡಿದುಕೊಂಡು ಕಳಸದ ಹತ್ತಿರದ ನಮ್ಮ ಮನೆಗೆ ವಾಪಸು ಬಂದರು. ಗಂಡ ಅಲ್ಲೇ ಉಳಿದರು. "ಜಗಳ ಎಂತದೂ ಇಲ್ಲ, ಇಬ್ರಿಗೂ ಸಾಕಾಯ್ತು" ಎಂದು ಅತ್ತೆ ಹೇಳಿದ್ದು ಒಂದೇ ಸಲ. ಅಪ್ಪ ಮತ್ತೆ ಕೇಳಲಿಲ್ಲ. ಮಹಡಿಯ ಕೋಣೆಯಲ್ಲಿ ಪೇರಿಸಿದ್ದ ಮೆಣಸಿನ ಚೀಲಗಳನ್ನು ಇಳಿಸಿ, ಸುಣ್ಣ ಹೊಡೆಸಿ, ಬೀಗದ ಕೈ ಕೊಟ್ಟರು.

ಅಪ್ಪ ಕೇಳದಿದ್ದರೇನು, ಊರು ಬಿಡುತ್ತದೆಯೇ? ಮದುವೆಯಾದ ಹೆಣ್ಣುಮಗಳು ತವರಿನ ದಾರಿಯಲ್ಲಿ ಕಂಡರೆ ನಮ್ಮ ಕಡೆ ಕೇಳುವುದು ಎರಡೇ ಪ್ರಶ್ನೆ. ಯಾವಾಗ ಬಂದ್ರಿ? ಯಾವಾಗ ಹೊರಡೋದು? ಕೇಳುವವರಿಗೆ ಕೆಟ್ಟ ಬುದ್ಧಿ ಇರುವುದಿಲ್ಲ. ಬಾಯಿಗೆ ಬರುವುದೇ ಅದು. ಬಸ್ ಸ್ಟ್ಯಾಂಡ್ ಪಕ್ಕದಲ್ಲಿ ದಿನಸಿ ಅಂಗಡಿ ಇಟ್ಟಿದ್ದ ಶೇಷಣ್ಣನಂತೂ ವರ್ಷಗಟ್ಟಲೆ ಬಿಡದೆ ಕೇಳಿದ.

"ಯಾವಾಗ ಬಂದ್ರಿ ಅಮ್ಮಾ?"

"ಬಂದು ಮೂರು ವರ್ಷ ಆಯ್ತು ಶೇಷಣ್ಣ. ಮೊನ್ನೆ ನಿಮ್ಮಂಗಡೀಲೇ ಬೆಲ್ಲ ತಗೊಂಡಿದ್ನಲ್ಲ?"

"ಹೌದೌದು, ಅಚ್ಚುಬೆಲ್ಲ. ಮತ್ತೆ, ಯಾವಾಗ ಹೊರಡೋದು?"

ಅತ್ತೆ ನಗುತ್ತಿದ್ದರು. ಆದರೆ ಮನೆಗೆ ಬಂದು ಚಪ್ಪಲಿ ಬಿಡುವಾಗ ಆ ನಗು ಇರುತ್ತಿರಲಿಲ್ಲ. ಅವರಿಗೆ ಬೇಕಿದ್ದದ್ದು ಬಹಳ ಸಣ್ಣ ವಿಷಯ: ತಾನು ಇಲ್ಲಿಗೆ ಬಂದವಳಲ್ಲ, ಇಲ್ಲಿರುವವಳು ಎಂದು ಯಾರಾದರೂ ಒಬ್ಬರು ತಿಳಿದುಕೊಳ್ಳಬೇಕು. ಅದನ್ನು ಬಾಯಿ ಬಿಟ್ಟು ಕೇಳುವ ಜಾಯಮಾನ ಅವರದಲ್ಲ. ಹಾಗಾಗಿ ಸಿನಿಮಾ ಮಾಡಲು ಹೊರಟರು!

ಸಿನಿಮಾ ಅಂದರೆ ಹೊಟ್ಟೆಪಾಡಿಗೆ ಮೊದಲು ಮದುವೆ ವಿಡಿಯೋ. ಮೂಡಿಗೆರೆಯಲ್ಲಿ ನಮ್ಮ ದೂರದ ಸಂಬಂಧದ ಹುಡುಗಿಯ ಮದುವೆಗೆ ಇವರನ್ನೇ ಕರೆಸಿದರು, ಮನೆಯವರೇ ಆದರೆ ಮುತುವರ್ಜಿಯಿಂದ ಮಾಡುತ್ತಾರೆ ಎಂದು. ಮುತುವರ್ಜಿಗೇನು ಕಡಿಮೆಯಿರಲಿಲ್ಲ. ಒಂದು ತಿಂಗಳ ನಂತರ ಕ್ಯಾಸೆಟ್ ಬಂತು, ಎರಡೂ ಕಡೆಯ ಬೀಗರು ಟಿವಿ ಮುಂದೆ ಕೂತರು. ಹುಡುಗಿ ಹುಟ್ಟಿದ ಮನೆಯಲ್ಲಿ ಬಿಟ್ಟು ಹೋದ ಹಳೇ ಹವಾಯಿ ಚಪ್ಪಲಿ ಬಂತು, ನಾಲ್ಕು ನಿಮಿಷ. ಹುಡುಗಿಯ ತಾಯಿ ಒಂದೇ ಟವೆಲನ್ನು ಮಡಚಿ, ಬಿಚ್ಚಿ, ಮತ್ತೆ ಮಡಚುವುದು ಬಂತು, ಆರು ನಿಮಿಷ. ಗಂಡಿನ ತಂದೆಗೆ ತಡೆಯಲಾಗಲಿಲ್ಲ.

"ತಾಳಿ ಕಟ್ಟಿದ್ದು ಎಲ್ಲಿ?"

"ಕಟ್ಟಿದ್ರಲ್ಲ, ನೀವು ನೋಡ್ಲಿಲ್ವಾ?" ಅಂದರು ಅತ್ತೆ.

"ನಾನು ನೋಡ್ದೆ ಮಾರಾಯ್ರೆ! ಇದ್ರಲ್ಲಿ ಎಲ್ಲಿ ಅಂತ!"

"ನೀವು ನೋಡಿದ್ದನ್ನೇ ಮತ್ತೆ ತೋರಿಸೋಕೆ ನಾನ್ಯಾಕೆ ಬೇಕು?"

ಆಮೇಲೆ ಅತ್ತೆಗೆ ಮದುವೆಯ ಕರೆಗಳು ಬಂದವು, ಊಟಕ್ಕೆ ಮಾತ್ರ. ಆದರೆ ಆ ಕ್ಯಾಸೆಟ್ ಎಲ್ಲಿ ಹೋಯಿತು ಗೊತ್ತೇ? ಹುಡುಗಿಯ ತಾಯಿ ಒಂದು ದಿನಕ್ಕೆಂದು ತೆಗೆದುಕೊಂಡು ಹೋದವರು ಇವತ್ತಿನವರೆಗೂ ಹಿಂದೆ ಕೊಟ್ಟಿಲ್ಲ. ಮನೆಯಲ್ಲಿ ಯಾರೂ ಇಲ್ಲದಾಗ ಆ ಚಪ್ಪಲಿಯ ಭಾಗವನ್ನು ಹಾಕಿಕೊಂಡು ನೋಡುತ್ತಾರಂತೆ.

ಮದುವೆಗಳು ಕೈಬಿಟ್ಟ ಮೇಲೆ ಅತ್ತೆ ಬೆಂಗಳೂರಿನವರಿಗೆ ಅದೂ ಇದೂ ಎಡಿಟಿಂಗ್ ಮಾಡಿಕೊಡುತ್ತ, ಉಳಿದ ಸಮಯವನ್ನೆಲ್ಲ ತಮ್ಮ ದೊಡ್ಡ ಸಿನಿಮಾಕ್ಕೆ ಸುರಿದರು. ಅದರ ಹೆಸರೇ "ಯಾವಾಗ ಬಂದ್ರಿ?" ಕಾಫಿ ಸೀಮೆಯ ಹೆಂಗಸರ ಬಳಿ ಹೋಗಿ "ನಿಮ್ಮೂರು ಯಾವುದು?" ಎಂದು ಕೇಳುವುದು. ಅಷ್ಟೇ. ಅಷ್ಟಕ್ಕೆ ಐದು ವರ್ಷ ಬೇಕಾಯಿತು. ಯಾಕೆಂದರೆ ಕ್ಯಾಮೆರಾ ಎದುರಿನ ಮನುಷ್ಯರಿಗೆ ಕ್ಯಾಮೆರಾ ಮರೆತುಹೋಗುವವರೆಗೆ ಅದನ್ನು ಶುರು ಮಾಡಬಾರದು ಎಂಬುದು ಅತ್ತೆಯ ವ್ರತ.

ಅತ್ತಿಗುಂಡಿಯ ಕಡೆ ಒಂದು ಎಸ್ಟೇಟಿಗೆ ಹೋದರು. ಕೂಲಿಯವರ ಲೈನ್ ಮನೆಯಲ್ಲಿ ಗಂಗಮ್ಮ ಎಂಬ ಹೆಂಗಸಿನ ಜೊತೆ ಉಳಿದುಕೊಂಡು, ನಾಲ್ಕು ದಿನ ಬುಟ್ಟಿ ಕಟ್ಟಿಕೊಂಡು ಕಾಫಿ ಕುಯ್ದರು. ಕ್ಯಾಮೆರಾ ಚೀಲದಿಂದ ಹೊರಗೆ ಬರಲೇ ಇಲ್ಲ. "ಏ ಅಮ್ಮಾ, ಹಣ್ಣು ಕುಯ್ಯಿ ಅಂದ್ರೆ ಕಾಯಿ ಕುಯ್ತೀಯಲ್ಲ, ಕಣ್ಣು ಕಾಣಲ್ವಾ?" ಎಂದು ಮೇಸ್ತ್ರಿ ಎಲ್ಲರೆದುರು ಗದರಿದ. ಅತ್ತೆ ಇದನ್ನು ನಮಗೆ ಎಷ್ಟು ಸಂಭ್ರಮದಿಂದ ಹೇಳಿದರೆಂದರೆ, ಏನೋ ಬಹುಮಾನ ಸಿಕ್ಕಿರಬೇಕು ಎಂದುಕೊಂಡೆವು! "ಏಕವಚನದಲ್ಲಿ ಬೈದ ಕಣೇ! ಅಲ್ಲಿಯವಳು ಅಂದ್ಕೊಂಡೇ ಬೈದ!"

ಐದನೆಯ ದಿನ ಕ್ಯಾಮೆರಾ ತೆಗೆದರೆ, ಗಂಗಮ್ಮ ಮಗಳ ಮದುವೆಯ ರೇಷ್ಮೆ ಸೀರೆ ಉಟ್ಟು, ಹೂ ಮುಡಿದು, ಉಸಿರು ಬಿಗಿಹಿಡಿದು ನಿಂತಿದ್ದಳು.

"ನಿನ್ನೆ ಉಟ್ಟಿದ್ದ ಸೀರೆ ಎಲ್ಲಿ ಗಂಗಮ್ಮ?"

"ಒಗ್ದಾಕಿದ್ದೀನಲ್ಲಮ್ಮ."

ಆ ಸೀರೆ ಒಣಗುವವರೆಗೆ ಅತ್ತೆ ಇನ್ನೊಂದು ದಿನ ಕಾಯಿ ಕುಯ್ದರು, ಅಂದರೆ ಹಣ್ಣು. ಕೊನೆಗೂ ಪ್ರಶ್ನೆ ಕೇಳಿದಾಗ ಗಂಗಮ್ಮ ಬೆರಳು ಮಡಚಿ ಎಣಿಸಿದಳು. "ಹುಟ್ಟಿದ್ದು ಕಡೂರು ಕಡೆ. ಕೊಟ್ಟಿದ್ದು ತರೀಕೆರೆ ಕಡೆ. ಇಲ್ಲಿಗೆ ಬಂದು ಮೂವತ್ತು ವರ್ಷ ಆಯ್ತು. ಊರು ಯಾವ್ದು ಅಂತ ಮೇಸ್ತ್ರೀನ ಕೇಳಿ ಅಮ್ಮ, ಅವ್ರು ಹಾಜರಿ ಪುಸ್ತಕದಲ್ಲಿ ಬರ್ಕೊಂಡಿರ್ತಾರೆ."

ಇನ್ನು ನಮ್ಮಮ್ಮನ ವಿಷಯಕ್ಕೆ ಬರಬೇಕು. ಅಮ್ಮ ಮನೆಯ ಎಲ್ಲರನ್ನೂ ಬೈಯುತ್ತಾಳೆ. ಅಪ್ಪನನ್ನು, ನನ್ನನ್ನು, ಬೆಕ್ಕನ್ನು, ಪ್ರೆಶರ್ ಕುಕ್ಕರನ್ನು. ಅವಳ ದನಿ ಅಡುಗೆಮನೆಯಿಂದ ಹೊರಟು ಕಾಫಿ ಒಣಗಿಸುವ ಕಣ ದಾಟಿ ಹೋಗುತ್ತದೆ. ಆದರೆ ಅತ್ತೆಯನ್ನು ಮಾತ್ರ ಒಂದು ದಿನವೂ ಬೈದವಳಲ್ಲ. ಅವರ ತಟ್ಟೆಗೆ ತುಪ್ಪ ಒಂದು ಚಮಚ ಜಾಸ್ತಿ, ಸ್ನಾನಕ್ಕೆ ಮೊದಲ ಹಂಡೆ ನೀರು ಅವರಿಗೆ. ನನಗೆ ಹೊಟ್ಟೆಕಿಚ್ಚಾಗುತ್ತಿತ್ತು ಎಂದು ಒಪ್ಪಿಕೊಳ್ಳುತ್ತೇನೆ.

ಅದಕ್ಕಿಂತ ಹೆಚ್ಚಿನದು ಮಡಿಲಕ್ಕಿ. ಚಿಕ್ಕಮಗಳೂರಿನ ಗಂಡನ ಮನೆಗೆ ಹೊರಡುವಾಗ ಅಮ್ಮ ನನಗೆ ದೇವರ ಮುಂದೆ ಮಡಿಲು ತುಂಬುತ್ತಿದ್ದಳು: ಅಕ್ಕಿ, ತೆಂಗಿನಕಾಯಿ, ಬೆಲ್ಲ, ಎಲೆ ಅಡಿಕೆ, ರವಿಕೆ ಕಣ. ಅದು ಎಲ್ಲ ಮನೆಯಲ್ಲೂ ಇದ್ದದ್ದೇ. ಆದರೆ ಅತ್ತೆ ಕ್ಯಾಮೆರಾ ಹೆಗಲಿಗೇರಿಸಿ ನಾಲ್ಕು ದಿನಕ್ಕೆ ಅತ್ತಿಗುಂಡಿಗೆ ಹೊರಟರೂ ಮಡಿಲಕ್ಕಿ! ಹೊರನಾಡಿಗೆ ಹೋಗಿ ಸಂಜೆ ಬರುತ್ತೇನೆಂದರೂ ಮಡಿಲಕ್ಕಿ! ಅತ್ತೆ ಸೆರಗು ಒಡ್ಡುತ್ತಿದ್ದರು, ಮಾತಾಡುತ್ತಿರಲಿಲ್ಲ. ಒಮ್ಮೆ ಘಾಟಿಯ ತಿರುವಿನಲ್ಲಿ ಬಸ್ಸು ವಾಲಿ, ಚೀಲದೊಳಗಿನ ತೆಂಗಿನಕಾಯಿ ಕ್ಯಾಮೆರಾಕ್ಕೆ ಬಡಿದು, ಲೆನ್ಸಿನ ಎಡ ಮೂಲೆಯಲ್ಲಿ ಒಂದು ಗೀರು ಬಿತ್ತು. ಅಲ್ಲಿಂದ ಮುಂದೆ ಅತ್ತೆ ತೆಗೆದ ಎಲ್ಲ ಮುಖಗಳ ಪಕ್ಕದಲ್ಲೂ ಒಂದು ಗೆರೆ ಇದೆ. ರಿಪೇರಿ ಮಾಡಿಸಿ ಎಂದರೆ "ಇರ್ಲಿ ಬಿಡು" ಅನ್ನುತ್ತಿದ್ದರು.

ಅಮ್ಮನನ್ನು ಸಿನಿಮಾದಲ್ಲಿ ಹಾಕಬೇಕೆಂದು ಅತ್ತೆಗೆ ಬಹಳ ಆಸೆ. "ಒಲೆ ಮುಂದೆ ಇರೋರದ್ದು ಎಂತ ಸಿನಿಮಾ ಮಾರಾಯ್ತಿ!" ಎಂದು ಅಮ್ಮ ತಳ್ಳಿಹಾಕಿದಳು. ಅತ್ತೆ ವಾದ ಮಾಡಲಿಲ್ಲ, ಟೇಪಿಲ್ಲದ ಕ್ಯಾಮೆರಾವನ್ನು ತಂದು ಅಕ್ಕಿ ಡಬ್ಬದ ಮೇಲೆ ಇಟ್ಟುಬಿಟ್ಟರು. ಮೊದಲ ವಾರ ಅಮ್ಮ ತಲೆ ಬಾಚಿಕೊಂಡು ಅಡುಗೆಮನೆಗೆ ಹೋದಳು. ಎರಡನೆಯ ವಾರ ಅದರ ಮೂತಿಯನ್ನು ಗೋಡೆಗೆ ತಿರುಗಿಸಿದಳು. ಮೂರನೆಯ ವಾರ ಅದರ ಮೇಲೆ ಮಸಿಬಟ್ಟೆ ಒಣಹಾಕಿದಳು. ಒಂದು ತಿಂಗಳಾದ ಮೇಲೆ, ಜಾಗ ಸಾಲದೆ, ಅದರ ಮೇಲೆ ಹುಣಸೆಹಣ್ಣಿನ ಡಬ್ಬ ಇಟ್ಟಳು. ಆವತ್ತು ಅತ್ತೆ ಸದ್ದಿಲ್ಲದೆ ಅದರ ಮೂತಿಯನ್ನು ಒಲೆಯ ಕಡೆ ತಿರುಗಿಸಿ ಟೇಪು ಹಾಕಿದರು.

ಸಿನಿಮಾ ಮುಗಿದದ್ದು ಅತ್ತೆ ಬಂದ ಒಂಬತ್ತನೆಯ ವರ್ಷ. ಮೊದಲ ಪ್ರದರ್ಶನ ನಮ್ಮ ಕಾಫಿ ಗೋಡೌನಿನಲ್ಲಿ ಟಿವಿ ಇಟ್ಟು, ಒಂದು ಭಾನುವಾರ ಮಧ್ಯಾಹ್ನ. ಬಾಗಿಲು ಹಾಕಿದರೆ ಅಷ್ಟು ಒಳ್ಳೆಯ ಕತ್ತಲು ಇನ್ನೆಲ್ಲೂ ಸಿಗುವುದಿಲ್ಲ. ಮೊದಲು ಬಂದವರು ಸಿಪ್ಪೆ ತೆಗೆದು ಒಣಗಿಸಿದ ಪಾರ್ಚ್‌ಮೆಂಟ್ ಕಾಫಿಯ ಚೀಲಗಳ ಮೇಲೆ ಮೆತ್ತಗೆ ಕೂತರು, ತಡವಾಗಿ ಬಂದವರಿಗೆ ಸಿಪ್ಪೆ ಸಮೇತ ಒಣಗಿ ಚುಚ್ಚುವ ಚೆರ್ರಿ ಚೀಲ. ನಲವತ್ತು ಜನ ಇದ್ದರು. ಶೇಷಣ್ಣ ಅಂಗಡಿಗೆ ಬಾಗಿಲು ಹಾಕಿ ಹೆಂಡತಿಯನ್ನೂ ಕರೆತಂದಿದ್ದ. ಸಿನಿಮಾ ಶುರುವಾದ ಎರಡೇ ನಿಮಿಷಕ್ಕೆ ಎದ್ದು ಹೋಗಿ, ಹೆಗಲ ಟವೆಲಿನಿಂದ ಟಿವಿಯ ಎಡ ಮೂಲೆಯನ್ನು ತಿಕ್ಕತೊಡಗಿದ.

"ಶೇಷಣ್ಣ, ಅದು ಕೂದಲಲ್ಲ, ಲೆನ್ಸಿನ ಗೀರು! ಕೂತ್ಕೊಳ್ಳಿ!"

ಟಿವಿಯಲ್ಲಿ ಗಂಗಮ್ಮ ಬಂದಳು, ಎಲ್ಲರೂ ನಕ್ಕರು. ಹೊರನಾಡಿನ ಲಾಡ್ಜಿನ ಹೆಂಗಸು ಬಂದಳು. ದಿನವಿಡೀ ಯಾತ್ರಿಕರನ್ನು "ಯಾವೂರು?" ಎಂದು ಕೇಳಿ ಪುಸ್ತಕದಲ್ಲಿ ಬರೆಯುವವಳು, ತನ್ನನ್ನೇ ಕೇಳಿದಾಗ ಪೆನ್ನು ಕೆಳಗಿಟ್ಟು, "ಯಾಕೆ, ನಿಮಗೆ ರೂಮ್ ಬೇಕಿತ್ತಾ?" ಅಂದಳು. ಗೋಡೌನಿಗೆ ಗೋಡೌನೇ ನಕ್ಕಿತು. ಅಮ್ಮ ಎಲ್ಲರಿಗಿಂತ ಜೋರಾಗಿ ನಕ್ಕಳು.

ಆಮೇಲೆ ನಮ್ಮ ಅಡುಗೆಮನೆ ಬಂತು. ಅಮ್ಮನ ಬೆನ್ನು. ಅಮ್ಮನ ಕೈಗಳು ಪಾವಿನಲ್ಲಿ ಅಕ್ಕಿ ಅಳೆಯುತ್ತಿವೆ. ತೆಂಗಿನಕಾಯಿಯನ್ನು ಕಿವಿಯ ಹತ್ತಿರ ಅಲ್ಲಾಡಿಸಿ ನೋಡುತ್ತಾಳೆ, ಇನ್ನೊಂದನ್ನು ಆರಿಸುತ್ತಾಳೆ. ಮಾಸಲು ರವಿಕೆ ಕಣ ಪಕ್ಕಕ್ಕಿಟ್ಟು, ಡಬ್ಬದ ತಳದಿಂದ ಒಳ್ಳೆಯ ಹಸಿರು ಕಣ ತೆಗೆಯುತ್ತಾಳೆ. ಆ ಇಡೀ ಸಿನಿಮಾದಲ್ಲಿ ಅತ್ತೆ ತಮ್ಮ ವಿಷಯ ಮಾತಾಡುವುದು ಅಲ್ಲಿ ಒಂದೇ ಕಡೆ. "ಅತ್ತಿಗೆ ಇದನ್ನ ಪ್ರೀತಿಯಿಂದಲೇ ಕಟ್ಟುತ್ತಾರೆ. ಆದರೆ ಮಡಿಲಕ್ಕಿ ಕೊಡೋದು ಹೊರಡೋರಿಗೆ. ಒಂಬತ್ತು ವರ್ಷದಿಂದ ನಾನು ಈ ಮನೆಯಿಂದ ಹೊರಡ್ತಾನೇ ಇದ್ದೀನಿ."

ಅಮ್ಮ ಎದ್ದು, "ಕಾಫಿ ಮಾಡ್ತೀನಿ" ಎಂದು ಹೊರಗೆ ಹೋದಳು. ಬಾಗಿಲು ತೆರೆದಾಗ ಒಳಗೆ ನುಗ್ಗಿದ ಬಿಸಿಲಿಗೆ ಟಿವಿಯಲ್ಲಿ ಏನೂ ಕಾಣಿಸದಂತಾಯಿತು. ಕಾಫಿ ಬಂತು, ಸಕ್ಕರೆ ಇರಲಿಲ್ಲ. ಶೇಷಣ್ಣ "ಸಕ್ರೆ..." ಎಂದು ಬಾಯಿ ತೆರೆದ, ಅವನ ಹೆಂಡತಿ ಮೊಣಕೈಯಿಂದ ತಿವಿದಳು. ಕಾಫಿ ಬೆಳೆಯುವವರೆಲ್ಲ ಕೂತು ಆ ಕಹಿಯನ್ನು ಮರುಮಾತಿಲ್ಲದೆ ಕುಡಿದರು.

ಮೂರು ವಾರ ಅತ್ತಿಗೆ ನಾದಿನಿ ಮಾತಾಡಲಿಲ್ಲ. "ಅನ್ನ ಹಾಕ್ಲಾ ಅಂತ ಕೇಳಿ" ಎಂದು ಅಮ್ಮ ಅಪ್ಪನಿಗೆ ಹೇಳುವುದು, ಎದುರಿಗೇ ಕೂತ ಅತ್ತೆ "ಸಾಕು ಅಂತ ಹೇಳಣ್ಣ" ಅನ್ನುವುದು. ಅಪ್ಪ ಪಾಪ, ಅನ್ನ ತಿನ್ನುವುದು ಬಿಟ್ಟು ಮಾತು ಸಾಗಿಸುವ ಕೆಲಸಕ್ಕೆ ಬಿದ್ದರು. ಕೊನೆಗೆ ನನಗೆ ಫೋನ್ ಮಾಡಿ, "ಒಂದೆರಡು ದಿನಕ್ಕೆ ಬಾರೇ, ನನ್ ಕೈಲಾಗಲ್ಲ" ಅಂದರು. ಸಂಧಾನಕ್ಕೆ ಹೋದೆ. ಅಮ್ಮನ ಕೈಯ ಕಡುಬಿಗಾಗಿ ಹೋದೆ ಎಂದು ಗಂಡ ಹೇಳುವುದು ಪೂರ್ತಿ ಸುಳ್ಳೇನಲ್ಲ.

ಒಲೆಯ ಮುಂದೆ ಅಮ್ಮನನ್ನು ಕೇಳಿದೆ. ಅವಳು ನನ್ನ ಕಡೆ ತಿರುಗಲಿಲ್ಲ.

"ನಮ್ಮಮ್ಮ ಹೋದ್ಮೇಲೆ ನಂಗೆ ಯಾರೂ ಮಡಿಲಕ್ಕಿ ಕೊಟ್ಟಿಲ್ಲ ಕಣೇ. ತವರಿಗೆ ಹೋದ್ರೆ ತಮ್ಮ ಬಸ್ ಹತ್ತಿಸಿ ಬರ್ತಾನೆ, ಅಷ್ಟೆ. ಮಡಿಲು ಬರಿದು ಮಾಡ್ಕೊಂಡು ಬರೋದು ಹೇಗಿರುತ್ತೆ ಅಂತ ನಂಗೊತ್ತು. ಗಂಡನ ಮನೆ ಬಿಟ್ಟು ಬಂದೋಳು, ಇಲ್ಲಾದ್ರೂ ಅದೊಂದು ತಪ್ಪಬಾರ್ದು ಅಂತ ಕಟ್ಟಿದ್ದು. ಹೊರಡು ಅನ್ನೋಕಾ ನಾನು ಕಟ್ಟಿದ್ದು?"

ಹೋದ ಸಲ ನನ್ನ ಮಡಿಲಕ್ಕಿಯ ಜೊತೆ ಹಲಸಿನ ಹಪ್ಪಳ ಕಡಿಮೆಯಾಯಿತೆಂದು ಮುಖ ಊದಿಸಿಕೊಂಡಿದ್ದು ನೆನಪಾಗಿ ನಾಚಿಕೆಯಾಯಿತು. ಮಹಡಿಗೆ ಹೋಗಿ ಅತ್ತೆಗೆ ಎಲ್ಲವನ್ನೂ ಹೇಳಿದೆ. ಅವರು ಕೇಳಿ, ಬಹಳ ಹೊತ್ತು ಟೇಪುಗಳನ್ನು ಜೋಡಿಸಿದರು.

"ಐದು ವರ್ಷ ಊರೂರು ಸುತ್ತಿ ಎಲ್ರನ್ನೂ ಕೇಳ್ದೆ. ಅತ್ತಿಗೇನ ಮಾತ್ರ ಕದ್ದು ತೆಗೆದೆ, ಕೇಳ್ಲಿಲ್ಲ ನೋಡು" ಅಂದರು.

ಅವತ್ತು ಸಂಜೆ ಅತ್ತೆ ಅಡುಗೆಮನೆಗೆ ಇಳಿದು ಬಂದು, ಕ್ಯಾಮೆರಾ ಇಲ್ಲದೆ, ಮಣೆ ಎಳೆದುಕೊಂಡು ಕೂತು ಬೆಳ್ಳುಳ್ಳಿ ಬಿಡಿಸತೊಡಗಿದರು. "ಆ ಜಾಗ ತೆಗೆದುಬಿಡ್ಲಾ ಅತ್ತಿಗೆ, ಸಿನಿಮಾದಿಂದ?" ಎಂದು ಕೇಳಿದರು. ಅಮ್ಮ, "ಎಂತಕ್ಕೆ? ಸುಳ್ಳಾ ಅದು?" ಅಂದಳು. ಅಷ್ಟೇ ಮಾತು. ನಾನು ಬಾಗಿಲ ಹಿಂದೆ ನಿಂತು ಕಾದದ್ದೇ ಬಂತು, ಮತ್ತೇನೂ ಕೇಳಿಸಲಿಲ್ಲ.

ಮರುದಿನ ನಾನು ಚಿಕ್ಕಮಗಳೂರಿಗೆ ಹೊರಡಬೇಕಿತ್ತು. ಅತ್ತೆಯೂ ಜೊತೆಗೆ ಬಂದು, ಅಲ್ಲಿಂದ ಅತ್ತಿಗುಂಡಿಗೆ ಹೋಗಿ ಗಂಗಮ್ಮನಿಗೆ ಸಿನಿಮಾ ತೋರಿಸುವವರಿದ್ದರು. ದೇವರ ಮುಂದೆ ಅಮ್ಮ ನನ್ನ ಮಡಿಲು ತುಂಬಿದಳು. ಹಪ್ಪಳದ ಕಟ್ಟು ಎರಡಿತ್ತು. ನನ್ನ ಪಕ್ಕದಲ್ಲಿ ನಿಂತಿದ್ದ ಅತ್ತೆಯೂ, ಒಂಬತ್ತು ವರ್ಷದ ಅಭ್ಯಾಸ ನೋಡಿ, ತಮಗೆ ಗೊತ್ತಿಲ್ಲದಂತೆ ಸೆರಗು ಒಡ್ಡಿದರು.

ಅಮ್ಮ ಅವರನ್ನು ನೋಡಿದಳು. ಒಳಗೆ ಹೋದಳು. ಬಂದು, ಆ ಸೆರಗಿಗೆ ಕುಕ್ಕರಿನ ಹಳೇ ರಬ್ಬರನ್ನು ಹಾಕಿದಳು!

"ಇದೆಂತ ಅತ್ತಿಗೆ?"

"ಗ್ಯಾಸ್ಕೆಟ್ಟು. ಸೀಟಿ ಹೊಡೀತಿಲ್ಲ, ಎಲ್ಲಾ ಸೋರ್ತಿದೆ. ಬರ್ತಾ ಚಿಕ್ಕಮಗಳೂರಲ್ಲಿ ಇದೇ ಅಳತೇದು ಹೊಸದು ತಗೊಂಡು ಬಾ."

"ಮಡಿಲಕ್ಕಿ?"

"ನಾಲ್ಕು ದಿನಕ್ಕೆ ಮನೆಗೆ ಬರೋಳಿಗೆ ಎಂತ ಮಡಿಲಕ್ಕಿ? ಬಸ್ಸಿಗೆ ಹೊತ್ತಾಯ್ತು, ನಡಿ."

ಅತ್ತೆ ಆ ಕರಿ ರಬ್ಬರನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ನಿಂತಿದ್ದರು. ಅವರ ಮುಖ ನೋಡಲು ನನ್ನಿಂದಾಗಲಿಲ್ಲ. ಅಕ್ಕಿಯ ಭಾರಕ್ಕೆ ನನ್ನ ಸೆರಗು ಜಗ್ಗುತ್ತಿತ್ತು. ಈ ಮನೆಯಿಂದ ಹೊರಡುವವಳು ಇನ್ನು ನಾನೊಬ್ಬಳೇ ಎಂದು ಆಗಲೇ ನನಗೆ ಹೊಳೆದದ್ದು. ಇಷ್ಟು ವರ್ಷ ಆಸೆಪಟ್ಟು ತೆಗೆದುಕೊಂಡು ಹೋಗುತ್ತಿದ್ದ ಮಡಿಲಕ್ಕಿ ಆವತ್ತು ಮೊದಲ ಸಲ ಬೇಡವೆನಿಸಿತು.

ಬಸ್ ಸ್ಟ್ಯಾಂಡಿನಲ್ಲಿ ಶೇಷಣ್ಣ ಅಂಗಡಿಯಿಂದಲೇ ಕೂಗಿದ. "ಏನಮ್ಮಾ, ಹೊರಟ್ರಾ?" ಸಿನಿಮಾ ನೋಡಿದ ಮನುಷ್ಯ! ಅತ್ತೆ ಚೀಲಕ್ಕೆ ಕೈಹಾಕಿ ರಬ್ಬರನ್ನು ತೆಗೆದು ಬಳೆಯ ಹಾಗೆ ಗಾಳಿಯಲ್ಲಿ ಎತ್ತಿ ತೋರಿಸಿದರು. "ಹೊರಟಿದ್ದಲ್ಲ ಶೇಷಣ್ಣ! ಅತ್ತಿಗೆ ಗ್ಯಾಸ್ಕೆಟ್ ತರೋಕೆ ಹೇಳಿದ್ದಾರೆ!" ಬಸ್ಸಿನಲ್ಲಿದ್ದವರೆಲ್ಲ ತಿರುಗಿ ನೋಡಿದರು.

ಐದನೆಯ ದಿನ ಅತ್ತೆಯ ಫೋನ್ ಬಂತು. ಹಲೋ ಎಂದರೆ ಅವರ ದನಿಯೇ ಇಲ್ಲ. ದೂರದಲ್ಲಿ ಅಮ್ಮನ ದನಿ, ಕಣ ದಾಟಿ ಹೋಗುವಂಥದ್ದು. "ಅಳತೆಗೆ ಅಂತ ಹಳೇದು ಕೊಟ್ಟು ಕಳ್ಸಿದ್ರೂ ದೊಡ್ಡದು ತಂದಿದ್ದೀಯಲ್ಲ! ಅಷ್ಟು ಓದಿದೀಯ, ತಲೆ ಎಲ್ಲಿಟ್ಕೊಂಡಿದ್ದೆ? ಅಣ್ಣಂಗೆ ತಕ್ಕ ತಂಗಿ!"

"ಕೇಳಿಸ್ತಾ?" ಎಂದು ಅತ್ತೆ ಪಿಸುಗುಟ್ಟಿದರು. "ಬೆಳಿಗ್ಗೆಯಿಂದ ಬೈತಿದ್ದಾರೆ."

"ಅಯ್ಯೋ ಅತ್ತೆ, ಫೋನ್ ಇಟ್ಟು ಕ್ಯಾಮೆರಾ ತೆಗೀರಿ!"

"ಥೂ ಹೋಗೆ. ಮನೇಲಿ ಬೈಸ್ಕೊಳ್ಳೋದನ್ನೆಲ್ಲ ಯಾರಾದ್ರೂ ಸಿನಿಮಾ ತೆಗೀತಾರಾ?"

ಇಬ್ಬರೂ ಅಮ್ಮನ ಬೈಗುಳ ಕೇಳಿದೆವು. ಆಮೇಲೆ ಅತ್ತೆ, ಮನೆಯಲ್ಲಿರುವವರು ಬರುವವರನ್ನು ಕೇಳುವ ಹಾಗೆ, ಬಹಳ ಸಹಜವಾಗಿ ಕೇಳಿದರು.

"ಅದಿರ್ಲಿ, ನೀನು ಯಾವಾಗ ಬರ್ತೀಯ? ಬಂದ್ರೆ ಯಾವಾಗ ಹೊರಡೋದು?"